ಕಟ್ಟಿಟ್ಟ ಎಂಟು ಪುಟ

ಹುಮನಾಬಾದ
12 ಜುಲೈ 1992

ಪೂಜ್ಯ ಬಸವಣಪ್ಪ ಕಾಕಾ ಅವರಿಗೆ, ಜಯಮಾಲಾಳ ಶರಣು ಶರಣಾರ್ಥಿ.

ಮೊದಲು ಕೂತುಕೊಳ್ಳಿ. ನಿಂತು ಓದುವ ಸುದ್ದಿಯಲ್ಲ ಇದು. ಜಪಾನಿನಿಂದ ಉತ್ತರ ಬಂದಿದೆ!

ಹೈದರಾಬಾದಿನ ಫುಟ್‌ಪಾತಿನ ಹಳೆಯ ಪುಸ್ತಕದ ರಾಶಿಯಿಂದ ನಾನು ಎತ್ತಿಕೊಂಡು ಬಂದ ಇಂಗ್ಲಿಷ್ ಕಾದಂಬರಿ ನೆನಪಿದೆಯಲ್ಲ, 'ಸುಟ್ಟ ಊರಿನ ಬಾವಿಗಳು'? "ಜಪಾನಿನ ಬಾವಿ ತಗೊಂಡು ಏನ್ ಮಾಡ್ತಿ ಮಗಳೇ, ನಮ್ಮ ನಳದಾಗ ನೀರಿಲ್ಲ" ಎಂದು ನೀವು ನಕ್ಕಿದ್ದಿರಿ. ಅದನ್ನು ಬರೆದ ಕುರಾಸೆ ತೊಮೊಜಿ ಅವರಿಗೆ ಪ್ರಕಾಶಕರ ವಿಳಾಸ ಹಿಡಿದು ಒಂದು ಕಾಗದ ಹಾಕಿದ್ದೆ. ಯಾವ ಬುಟ್ಟಿ ಸೇರಿತೋ ಅಂದುಕೊಂಡು ಮರೆತೂ ಬಿಟ್ಟಿದ್ದೆ. ಈಗ ನೋಡಿದರೆ ನಾಲ್ಕು ಹಾಳೆಯ ಉತ್ತರ, ಪೆನ್ಸಿಲಿನಲ್ಲಿ, ಮುದ್ದಾದ ಅಕ್ಷರ. ನಮ್ಮ ಶಾಲೆಯ ಇಂಗ್ಲಿಷ್ ಟೀಚರ್ ನಾನೇ ಆದದ್ದು ಪುಣ್ಯ, ಇಲ್ಲದಿದ್ದರೆ ಹೆಡ್‌ಮಾಸ್ತರರು ಒಡೆದು ಓದುತ್ತಿದ್ದರು.

ಅವರ ಬದುಕು ಕೇಳಿ. ತೊಯಾಮಾ ಎಂಬ ಊರಲ್ಲಿ ಬುಟ್ಟಿ ಹೆಣೆಯುವವರ ಮಗ. ಸೈನ್ಯಕ್ಕೆ ಎಳೆದುಕೊಂಡು ಬರ್ಮಾಕ್ಕೆ ಕಳಿಸಿದರು. ಮರಳಿ ಬಂದಾಗ ಊರೇ ಸುಟ್ಟುಹೋಗಿತ್ತು, ತಾಯಿ ತಂಗಿಯರು ಅದರಲ್ಲೇ ಹೋಗಿದ್ದರು. ಪತ್ರಿಕೆಯೊಂದರಲ್ಲಿ ಕರಡು ತಿದ್ದುತ್ತ ಹದಿನೈದು ವರ್ಷ ಕಳೆದು, ನಲವತ್ತೊಂದಕ್ಕೆ ಮೊದಲ ಕಾದಂಬರಿ ಬರೆದರು. ಎಲ್ಲವೂ ಚರಿತ್ರೆಯವೇ. ಆದರೆ ರಾಜರಿಲ್ಲ, ಗೆದ್ದವರಿಲ್ಲ. ಸೋತವರ ಕುದುರೆ ತೊಳೆಯುವವನು, ಸುಟ್ಟ ಮಠದ ಅಡಿಗೆಯವಳು, ಇಂಥವರು.

ಈಗ ಮುಖ್ಯ ಮಾತು. ಶರಣರ ಕಲ್ಯಾಣದಲ್ಲಿ ಗಲಭೆ ಎದ್ದ ಹತ್ತಿಪ್ಪತ್ತು ವರ್ಷದೊಳಗೇ ಅವರ ರಾಜಧಾನಿ ಕ್ಯೋಟೋವೂ ಸುಟ್ಟಿತ್ತಂತೆ. ಎರಡೂ ಊರನ್ನು ಸೇರಿಸಿ ಕೊನೆಯ ಕಾದಂಬರಿ ಬರೆಯಬೇಕೆಂದಿದ್ದಾರೆ. ನಿಮ್ಮ ಊರು, ಕಾಕಾ! ಅವರು ಕೇಳಿದ ಮೊದಲ ಪ್ರಶ್ನೆ ಇದು: "ಕಲ್ಯಾಣ ಬಿಟ್ಟು ಓಡಿದ ರಾತ್ರಿ ಬಡವರು ದಾರಿಗೆ ಏನು ಕಟ್ಟಿಕೊಂಡರು?" ಯಾವ ಶಾಸನದಲ್ಲೂ ಇದು ಸಿಗುವುದಿಲ್ಲವಲ್ಲ. ನೀವೇ ಹೇಳಬೇಕು.

ಅಪ್ಪನಿಗೂ ನಿಮಗೂ ಆದ ಆಸ್ತಿ ಪಾಲಿನ ಜಗಳ ಅವ್ವ ಇನ್ನೂ ಮರೆತಿಲ್ಲ. ಹಾಸಿಗೆ ಹಿಡಿದರೂ ಸಿಟ್ಟು ಇಳಿದಿಲ್ಲ. ಮನೆಗೆ ಬೇಡ, ಶಾಲೆಯ ವಿಳಾಸಕ್ಕೇ ಬರೆಯಿರಿ.

ನಿಮ್ಮ
ಜಯಮಾಲಾ


ಬಸವಕಲ್ಯಾಣ
2 ಆಗಸ್ಟ್ 1992

ಚಿ. ಜಯಮಾಲಾಳಿಗೆ ಆಶೀರ್ವಾದಗಳು.

ನಿನ್ನ ಕಾಗದ ಓದಿ ಛಾಪಖಾನೆಯ ಬಾಗಿಲು ಹಾಕಿ ಹೊರಬಿದ್ದೆ. ಮದುವೆ ಕಾರ್ಡಿನವರು ಬಂದು ಕದ ಬಡಿದು ಹೋದರಂತೆ, ಹೋಗಲಿ. ಮಷಿನ್ ತುಳಿಯುವ ಲಾಲ್ ಅಹ್ಮದ್ ಕೇಳಿದ, "ಏನ್ರಿ ಮಾಲಕರೇ, ಯಾರ್ ಸತ್ತಾರ?" ಸತ್ತು ಎಂಟುನೂರು ವರ್ಷ ಆಯಿತೋ ಮಾರಾಯ, ಈಗ ವಿಚಾರಿಸಾಕ ಬಂದಾರ ಅಂದೆ.

ತ್ರಿಪುರಾಂತ ಕೆರೆಯ ತನಕ ನಡೆದೆ. ಕೋಟೆಯ ಹಿಂದಿನ ದಾರಿ ನೋಡಿದೆ. ಆಮೇಲೆ ನಮಗೆ ರೊಟ್ಟಿ ಬಡಿದು ಕೊಡುವ ಧೂಳಮ್ಮನನ್ನು ಕೇಳಿದೆ, ಅವಳೂ ಮುಡಬಿಯಿಂದ ಒಮ್ಮೆ ಊರು ಬಿಟ್ಟು ಬಂದವಳೇ. "ರೊಟ್ಟಿ ಕಟ್ಕೋತಾರ್ರಿ, ಮತ್ತೇನ್ ಕಟ್ಕೋತಾರ? ಮ್ಯಾಲೆ ಒಂದೀಟು ಅಗಸಿ ಹಿಂಡಿ. ಹದಿನೈದು ದಿನ ಕೆಡಂಗಿಲ್ಲ" ಅಂದಳು.

ರೊಟ್ಟಿ ಸರಿ. ಆದರೆ ಅಗಸಿ ಬೀಜದ ಹಿಂಡಿ ಎಂದು ಬರೆಯಬೇಡ. ನಾಳೆ ಜಪಾನಿನವರು ಓದಿ ಶರಣರಿಗೆ ಅಷ್ಟೂ ಗತಿ ಇರಲಿಲ್ಲವೇ ಎಂದುಕೊಂಡಾರು. ದಾಸೋಹದ ಊರು ಇದು. ಹುರಿದು, ಬೆಳ್ಳುಳ್ಳಿ ಖಾರ ಹಾಕಿ ಪುಡಿ ಕುಟ್ಟಿದ ಶೇಂಗಾ ಹಿಂಡಿಯನ್ನೇ ಕಟ್ಟಿಕೊಂಡಿರಬೇಕು. ನಮ್ಮ ಮನೆಯಲ್ಲಿ ಪಯಣಕ್ಕೆ ಹೊರಟರೆ ನಮ್ಮ ಅಜ್ಜಿಯ ಕಾಲದಿಂದ ಅದೇ. ನಿನ್ನ ಕಾಕಿಯನ್ನು ಕೇಳಿದೆ. "ಶೇಂಗಾ ಬಿಟ್ರೆ ನಿಮಗೆ ಬ್ಯಾರೆ ಏನ್ ಗೊತ್ತದ" ಅಂದಳು. ಅದನ್ನು ಒಪ್ಪಿಗೆ ಎಂದೇ ತಿಳಿದುಕೊಂಡೆ.

ಇನ್ನೊಂದು ಮಾತು. ಈ ಕುರಾಸಪ್ಪನವರ ಜೀವನ ಚರಿತ್ರೆ ನೀನು ಬರಿ, ನಾನು ಛಾಪಿಸುತ್ತೇನೆ. ಇಪ್ಪತ್ತೆಂಟು ವರ್ಷ ಲಗ್ನಪತ್ರಿಕೆ, ವೈಕುಂಠ ಸಮಾರಾಧನೆ, ಎಲೆಕ್ಷನ್ ಚೀಟಿ ಛಾಪಿಸಿ ಸಾಕಾಗಿದೆ. ಒಂದು ಪುಸ್ತಕ, ಬೆನ್ನಿನ ಮೇಲೆ ಹೆಸರಿರುವಂಥದ್ದು, ಈ ಕೈಯಿಂದ ಆಗಬೇಕು. ಇಷ್ಟೇ ನನ್ನ ಆಸೆ.

ನಿನ್ನ ಕಾಕಾ
ಬಸವಣಪ್ಪ


ಹುಮನಾಬಾದ
29 ನವೆಂಬರ್ 1992

ಪೂಜ್ಯ ಕಾಕಾ,

ಮೊದಲ ಮೂರು ಅಧ್ಯಾಯ ಬಸ್ಸಿನ ಕಂಡಕ್ಟರ್ ಕೈಲಿ ಕಳಿಸಿದ್ದೇನೆ. ಬೀಡಿ ಹಚ್ಚಲು ಹರಿದಿಲ್ಲ ತಾನೆ? ಎಣಿಸಿ ನೋಡಿ.

ನಿಮ್ಮ ಉತ್ತರವನ್ನು ಇಂಗ್ಲಿಷಿಗೆ ತಿರುಗಿಸಿ ಕಳಿಸಿದ್ದೆ. ಧೂಳಮ್ಮನ ಅಗಸಿ ಬಿಟ್ಟು, ನೀವು ಹೇಳಿದಂತೆ ಶೇಂಗಾದ್ದನ್ನೇ ಬರೆದೆ. ಕುರಾಸೆಯವರಿಗೆ ಹಿಡಿಸಿದ್ದು ಎಷ್ಟು ಅಂತೀರಿ! "ಆರು ತಿಂಗಳಿಂದ ಗ್ರಂಥಾಲಯಗಳಲ್ಲಿ ಕೂತು ಸಿಗದಿದ್ದ ಬಾಗಿಲು ನಿಮ್ಮ ಕಾಕಾ ತೆರೆದರು. ಆ ಹೆಂಗಸಿನ ಕೈಯ ಗಂಟು ಈಗ ನನಗೆ ಕಾಣುತ್ತಿದೆ" ಎಂದು ಬರೆದಿದ್ದಾರೆ.

ಜಪಾನಿನಲ್ಲಿ ಅವರಿಗೆ ಒಂದು ಹೆಸರಿದೆಯಂತೆ: ಕುರಾಸೆಯ ಪುಸ್ತಕದಲ್ಲಿ ತಪ್ಪು ಹುಡುಕಿದವರಿಲ್ಲ. ಒಂದು ಕಾದಂಬರಿಯಲ್ಲಿ ಯಾವ ತಿಂಗಳಲ್ಲಿ ಯಾವ ಹಕ್ಕಿ ಕೂಗುತ್ತಿತ್ತು ಎಂದು ತಿಳಿಯಲು ಬೆಟ್ಟದ ಮೇಲೆ ಒಂದು ಚಳಿಗಾಲ ಇದ್ದು ಬಂದರಂತೆ. ಬರೆಯುವ ಪ್ರತಿ ಊರಿಗೂ ಹೋಗಿ ಅಲ್ಲಿಯ ಬಾವಿಯ ನೀರು ಕುಡಿಯುವುದು ಅವರ ನೇಮ. ಹಾಗಾಗಿ ಕಲ್ಯಾಣಕ್ಕೂ ಬರುತ್ತಾರೆ, 1994ರ ಚಳಿಗಾಲಕ್ಕೆ. ನಮ್ಮ ಪುಸ್ತಕದ ಕೊನೆಯ ಅಧ್ಯಾಯ ಅದೇ ಆಗಬೇಕು, 'ಕುರಾಸೆಯವರು ಕಲ್ಯಾಣಕ್ಕೆ ಬಂದದ್ದು'.

ನಲವತ್ತರ ಹತ್ತಿರ ಬಂದೆ ಕಾಕಾ. ನನ್ನದು ಅಂತ ಏನಾದರೂ ಆಗುತ್ತದೆ ಎಂದು ಇದೇ ಮೊದಲು ಅನ್ನಿಸುತ್ತಿರುವುದು.

ನಿಮ್ಮ ಜಯಮಾಲಾ


ಬಸವಕಲ್ಯಾಣ
5 ಡಿಸೆಂಬರ್ 1993

ಚಿ. ಜಯಮಾಲಾಳಿಗೆ ಆಶೀರ್ವಾದಗಳು.

ಪುಟ ಎಂಬತ್ತೆಂಟರವರೆಗೆ ಛಾಪಾಗಿದೆ! ಹಾಳೆಗಳನ್ನು ಗೋಣಿತಟ್ಟು ಹೊದಿಸಿ ಅಟ್ಟದ ಮೇಲಿಟ್ಟಿದ್ದೇನೆ.

ನೀನು ಕೇಳಿದ್ದೆಯಲ್ಲ ಯಾಕಿಷ್ಟು ತಡ ಎಂದು. ನಮ್ಮದು ಒಂದೊಂದು ಅಕ್ಷರದ ಸೀಸದ ಮೊಳೆ ಆರಿಸಿ ಜೋಡಿಸುವ ಕೆಲಸ. ಎಂಟು ಪುಟ ಜೋಡಿಸಿ, ಸುತ್ತ ದಾರ ಬಿಗಿದು ಕಟ್ಟಿ, ಛಾಪಿಸಿ, ಮತ್ತೆ ಎಲ್ಲ ಬಿಚ್ಚಿ ಅದೇ ಮೊಳೆಯಿಂದ ಮುಂದಿನ ಎಂಟು ಪುಟ. ಇದರ ನಡುವೆ ಕಿಲ್ಲಾರಿಯ ಭೂಕಂಪ ಬಂತು. ಗೋಡೆ ಬಿರಿಯಿತು, ಮೊಳೆಯ ಖಾನೆಗಳು ಉರುಳಿ ಅಕ್ಷರವೆಲ್ಲ ನೆಲದ ಮೇಲೆ. ಲಾಲ್ ಅಹ್ಮದ್ ಮತ್ತು ನಾನು ಜೋಳ ಆರಿಸಿದ ಹಾಗೆ ದಿನಗಟ್ಟಲೆ ಆರಿಸಿದೆವು. ಅಲ್ಲಿ ಸತ್ತವರ ಮುಂದೆ ನಮ್ಮದೇನು ಬಿಡು.

ಈಗ ಕೊನೆಯ ಎಂಟು ಪುಟವನ್ನೂ ಜೋಡಿಸಿ ಕಟ್ಟಿಟ್ಟಿದ್ದೇನೆ. ಅವರು ಬಂದ ತಾರೀಖಿಗೆ ಮತ್ತು ಬಾವಿಯ ನೀರು ಕುಡಿದು ಅವರು ಆಡುವ ಮಾತಿಗೆ ನೀನು ಹೇಳಿದಂತೆ ಜಾಗ ಬಿಟ್ಟಿದ್ದೇನೆ. ಬಂದ ದಿನವೇ ಅಷ್ಟು ತುಂಬಿಸಿ, ಅವರ ಎದುರೇ ಛಾಪಿಸಿ, ಇನ್ನೂ ಮಸಿ ಆರದ ಹಾಳೆ ಅವರ ಕೈಯಲ್ಲಿಡುತ್ತೇನೆ. ನಮ್ಮ ಅರ್ಧ ಮೊಳೆ ಅದರಲ್ಲೇ ಸಿಕ್ಕಿಬಿದ್ದಿವೆ. ಮದುವೆ ಕಾರ್ಡು ಜೋಡಿಸಲು ಕೂತರೆ ಅಕ್ಷರ ಸಾಲುವುದಿಲ್ಲ. ಲಾಲ್ ಅಹ್ಮದ್ ಗೊಣಗುತ್ತಾನೆ, "ಬಿಚ್ರಿ ಮಾಲಕರೇ, ಅವ್ರು ಬಂದ ಮ್ಯಾಲೆ ಮತ್ತ ಕಟ್ಟೋಣು." ಕೇಳಲಿಲ್ಲ ನಾನು. ಬಿಚ್ಚಿದರೆ ಅವರು ಬರುವುದಿಲ್ಲ ಅನ್ನಿಸುತ್ತದೆ. ಹುಚ್ಚು ಅನ್ನು.

ಬಸವಣಪ್ಪ


ತೊಯಾಮಾ, ಜಪಾನ್
20 ಫೆಬ್ರವರಿ 1994

ಪ್ರಿಯ ಜಯಮಾಲಾ ಅವರೇ,

ನನ್ನ ಬಡ ಇಂಗ್ಲಿಷಿನಲ್ಲಿ ಒಂದು ಕೆಟ್ಟ ಸುದ್ದಿ ತಿಳಿಸಬೇಕಾಗಿದೆ.

ಕಲ್ಯಾಣದ ಕಾದಂಬರಿಯ ಮೊದಲ ಅಧ್ಯಾಯ ಜನವರಿಯಲ್ಲಿ ಪತ್ರಿಕೆಯೊಂದರಲ್ಲಿ ಬಂತು. ಹೆಂಗಸೊಬ್ಬಳು ಒಲೆ ಆರಿಸುವ ಮೊದಲು ರೊಟ್ಟಿ ಮತ್ತು ಶೇಂಗಾ ಹಿಂಡಿಯನ್ನು ಬಟ್ಟೆಯಲ್ಲಿ ಕಟ್ಟುತ್ತಾಳೆ. ಅಲ್ಲಿಂದ ಕಥೆ ತೊಡಗುತ್ತದೆ. ಆ ಗಂಟು ಕೊನೆಯವರೆಗೆ ಅವಳ ಕೈಯಲ್ಲಿರಬೇಕಿತ್ತು. ಮುಂದಿನ ಸಂಚಿಕೆಯಲ್ಲಿ ಸಸ್ಯಗಳ ಚರಿತ್ರೆ ಬಲ್ಲ ಪ್ರಾಧ್ಯಾಪಕರೊಬ್ಬರು ನಾಲ್ಕೇ ಸಾಲು ಬರೆದರು. ಶೇಂಗಾ ಅಮೆರಿಕದ ಬೆಳೆ. ನಿಮ್ಮ ದೇಶಕ್ಕೆ ಅದು ಬಂದದ್ದು ಆ ರಾತ್ರಿ ಕಳೆದು ಸುಮಾರು ನಾಲ್ಕು ನೂರು ವರ್ಷದ ಮೇಲೆ. ನಾನು ಹೋಗಿ ನೋಡಿದೆ. ಅವರು ಹೇಳಿದ್ದು ಸರಿ.

ಯುದ್ಧದಿಂದ ಮರಳಿದಾಗ ನನ್ನ ಊರಿನ ಸತ್ತವರ ಬಗ್ಗೆ ಬರೆದದ್ದೆಲ್ಲ ಓದಿದ್ದೆ. ನನ್ನ ತಾಯಿ ಹೇಗೆ ಸತ್ತಳೆಂದು ಯಾರೋ ಚೆಂದವಾಗಿ ಬರೆದಿದ್ದರು. ಅದು ಸುಳ್ಳಾಗಿತ್ತು. ಸತ್ತವರು ಬಂದು ತಿದ್ದಲಾರರು, ಅವರ ವಿಷಯದಲ್ಲಿ ತಪ್ಪು ಬರೆಯಬಾರದು ಎಂಬ ಒಂದೇ ಕಾರಣಕ್ಕೆ ನಾನು ಲೇಖಕನಾದೆ. ಈಗ ನಾನೇ ಆ ಕೆಲಸ ಮಾಡಿದ್ದೇನೆ. ಎಪ್ಪತ್ತೈದರಲ್ಲಿ ಮತ್ತೆ ಮೊದಲಿಂದ ತೊಡಗುವ ಕಸುವಿಲ್ಲ. ಬರೆಯುವುದನ್ನು ನಿಲ್ಲಿಸಿದ್ದೇನೆ, ಇದೊಂದನ್ನಲ್ಲ, ಎಲ್ಲವನ್ನೂ. ಕಲ್ಯಾಣಕ್ಕೆ ಬರುವುದಿಲ್ಲ. ಕ್ಷಮಿಸಿ.

ನಿಮ್ಮ ಕಾಕಾ ಅವರಿಗೆ ನನ್ನ ನಮಸ್ಕಾರ. ಪ್ರೀತಿಯಿಂದ ಹೇಳಿದವರು ಅವರು. ಪರೀಕ್ಷಿಸಬೇಕಾಗಿದ್ದವನು ನಾನು.

ಕುರಾಸೆ ತೊಮೊಜಿ


ಹುಮನಾಬಾದ
27 ಮಾರ್ಚ್ 1994

ಪೂಜ್ಯ ಕಾಕಾ,

ಕುರಾಸೆಯವರ ಕಾಗದ ಬಂತು. ಆರೋಗ್ಯ ಸರಿಯಿಲ್ಲವಂತೆ, ಶ್ವಾಸದ ತೊಂದರೆ. ಈ ವರ್ಷದ ಚಳಿಗಾಲಕ್ಕೆ ಬರಲಾಗುವುದಿಲ್ಲ, ಮುಂದೆ ನೋಡೋಣ ಎಂದಿದ್ದಾರೆ. ಕಾದಂಬರಿಯೂ ಸ್ವಲ್ಪ ನಿಧಾನವಾಗಿದೆ. ವಯಸ್ಸಾಯಿತಲ್ಲ.

ನಿಮಗೆ ವಿಶೇಷವಾಗಿ ನಮಸ್ಕಾರ ತಿಳಿಸಿದ್ದಾರೆ.

ಪರೀಕ್ಷೆಯ ಪೇಪರು ನೋಡುವುದಿದೆ. ಹೆಚ್ಚು ಬರೆಯಲಾರೆ.

ಜಯಮಾಲಾ


ಬಸವಕಲ್ಯಾಣ
19 ಜೂನ್ 1994

ಚಿ. ಜಯಮಾಲಾಳಿಗೆ ಆಶೀರ್ವಾದಗಳು.

ನಿನ್ನ ಕಾಗದ ಇಷ್ಟು ಸಣ್ಣದಾಗಿ ಎಂದೂ ಬಂದಿರಲಿಲ್ಲ. ನಿನಗೂ ಜ್ವರವೇನೇ? ಒಂದು ಭಾನುವಾರ ಬಾ ಅಂದರೆ ಅದೂ ಇಲ್ಲ. ಹುಮನಾಬಾದದಿಂದ ಕಲ್ಯಾಣಕ್ಕೆ ಬಸ್ಸಿಲ್ಲವೇ?

ನೀನು ಕೈಕಟ್ಟಿ ಕೂತರೂ ನಾನು ಕೂತಿಲ್ಲ. ಮುದುಕರಿಗೆ ಬಾಯಿ ಕೆಟ್ಟಿರುತ್ತದೆ, ಊಟ ಸೇರುವುದಿಲ್ಲ, ಅದಕ್ಕೇ ಶಕ್ತಿ ಇಲ್ಲ. ನಿನ್ನ ಕಾಕಿಯಿಂದ ಹೊಸ ಶೇಂಗಾ ಹುರಿಸಿ, ಬೆಳ್ಳುಳ್ಳಿ ಜೀರಿಗೆ ಹಾಕಿ, ಖಾರ ಕಡಿಮೆ ಮಾಡಿ ಹಿಂಡಿ ಕುಟ್ಟಿಸಿದೆ. ಡಬ್ಬಿಯಲ್ಲಿ ತುಂಬಿ, ಬಟ್ಟೆ ಹೊಲಿದು, ಅರಗು ಹಚ್ಚಿ, ಪುಸ್ತಕಕ್ಕೆಂದು ನೀನು ಕೊಟ್ಟಿದ್ದ ವಿಳಾಸ ಬರೆದು ಜಪಾನಿಗೆ ಪಾರ್ಸೆಲ್ ಮಾಡಿದೆ! ಪೋಸ್ಟ್ ಮಾಸ್ತರರು "ಒಳಗೇನದ ಬಸವಣಪ್ಪನವರೇ?" ಅಂದರು. "ಇತಿಹಾಸ ಅದರಿ" ಅಂದೆ. ಎಂಟುನೂರು ವರ್ಷದ ಕೆಳಗೆ ಶರಣರು ತಿಂದದ್ದನ್ನು ಅವರೂ ತಿನ್ನಲಿ. ಬಾಯಿಗೆ ಬಿದ್ದ ಕೂಡಲೇ ಎದ್ದು ಕೂತು ಪೆನ್ಸಿಲ್ ಹಿಡಿದಾರು.

ಎಂಟು ಪುಟ ಹಾಗೇ ಕಟ್ಟಿವೆ. ದಾರ ಸಡಿಲಾಗಿತ್ತು, ಬಿಗಿದೆ.

ನಿನ್ನ ಕಾಕಾ


ಹುಮನಾಬಾದ
24 ಜೂನ್ 1994

ಕಾಕಾ,

ಯಾರು ಹೇಳಿದ್ದರು ನಿಮಗೆ ಅದನ್ನು ಕಳಿಸಲು? ನನ್ನನ್ನು ಒಂದು ಮಾತು ಕೇಳಬಾರದಿತ್ತೇ? ಅವರು ಏನೆಂದುಕೊಂಡಾರು! ಎಲ್ಲದರಲ್ಲೂ ಮುಂದೆ ಬಿದ್ದು ಕೈಹಾಕುವ ಸ್ವಭಾವ ನಿಮ್ಮದು. ಅಪ್ಪ ನಿಮ್ಮ ಜೊತೆ ಯಾಕೆ ಬಾಳಲಿಲ್ಲ ಎಂದು ಈಗ ತಿಳಿಯುತ್ತದೆ. ಇನ್ನು ಮುಂದೆ ದಯವಿಟ್ಟು ಅವರಿಗೆ ಏನನ್ನೂ ಕಳಿಸಬೇಡಿ, ಬರೆಯಬೇಡಿ.

ಜಯಮಾಲಾ


ಬಸವಕಲ್ಯಾಣ
16 ಅಕ್ಟೋಬರ್ 1994

ಚಿ. ಜಯಮಾಲಾಳಿಗೆ,

ನೀನು ಬೈದದ್ದು ಸರಿಯೇ ಇದೆ. ಮೊದಲು ಸಿಟ್ಟು ಬಂದಿತ್ತು. ಈಗ ಇಲ್ಲ. ಆ ಮಾತು ಅಲ್ಲಿಗೆ ಬಿಡೋಣ.

ಅವ್ವನ ಆರೋಗ್ಯ ನೋಡಿಕೋ. ಕುರಾಸೆಯವರು ಬರುವ ಸುದ್ದಿ ಇದ್ದರೆ ತಿಳಿಸು, ಇರದಿದ್ದರೆ ಅವಸರವಿಲ್ಲ.

ಬಸವಣಪ್ಪ


ಹುಮನಾಬಾದ
10 ಡಿಸೆಂಬರ್ 1995

ಪೂಜ್ಯ ಕಾಕಾ,

ವರ್ಷವಾಯಿತು ನೀವು ಸರಿಯಾಗಿ ಬರೆದು. ಮುನಿಸು ಇನ್ನೂ ಇಳಿದಿಲ್ಲವೇ? ಅಪ್ಪನ ಹೆಸರು ತೆಗೆದದ್ದು ನನ್ನ ತಪ್ಪು, ಕಾಲಿಗೆ ಬೀಳುತ್ತೇನೆ.

ಕುರಾಸೆಯವರು ಈಗ ಚೇತರಿಸಿಕೊಂಡಿದ್ದಾರಂತೆ. ಮೊದಲಿನಂತೆ ದಿನಕ್ಕೆ ಎರಡು ಹಾಳೆ ಬರೆಯುತ್ತಾರಂತೆ. ಮುಂದಿನ ಚಳಿಗಾಲಕ್ಕೆ ಬರಬಹುದು. ಪಾರ್ಸೆಲ್ಲಿನ ಬಗ್ಗೆ ಏನೂ ಬರೆದಿಲ್ಲ, ಬಹುಶಃ ದಾರಿಯಲ್ಲೇ ಕಳೆದಿರಬೇಕು. ಮನಸ್ಸಿಗೆ ಹಚ್ಚಿಕೊಳ್ಳಬೇಡಿ. ನಿಮ್ಮ ಎಂಟು ಪುಟ ಹಾಗೇ ಇರಲಿ.

ಜಯಮಾಲಾ


ಬಸವಕಲ್ಯಾಣ
7 ಜನವರಿ 1997

ಚಿ. ಜಯಮಾಲಾಳಿಗೆ ಆಶೀರ್ವಾದಗಳು.

ಈ ಚಳಿಗಾಲವೂ ಆಗಲಿಲ್ಲ ಎಂದು ಬರೆದಿದ್ದೀ. ಇರಲಿ, ಮುಂದಿನದಕ್ಕೆ ಬರಲಿ. ನಾನೆಲ್ಲಿ ಓಡಿಹೋಗುತ್ತೇನೆ?

ಬಸ್‌ಸ್ಟ್ಯಾಂಡಿನ ಎದುರಿಗೆ ಕಂಪ್ಯೂಟರಿನ ಛಾಪಖಾನೆ ಆಗಿದೆ. ಗಣಪತಿಯ ಬಣ್ಣದ ಚಿತ್ರದೊಂದಿಗೆ ಮದುವೆ ಕಾರ್ಡು ಸಂಜೆಯೊಳಗೆ ಕೊಡುತ್ತಾರೆ. ನಮ್ಮಲ್ಲಿಗೆ ಬಂದವರಿಗೆ ಅಕ್ಷರ ಸಾಲದು, ನಾಲ್ಕು ದಿನ ತಡೀರಿ ಎಂದರೆ ಯಾರು ತಡೆಯುತ್ತಾರೆ? "ಆ ಎಂಟು ಪುಟ ಬಿಚ್ಚರಿ, ಕೈಮುಗಿತೀನಿ" ಎಂದು ಲಾಲ್ ಅಹ್ಮದ್ ಕೊನೆಯ ಸಲ ಕೇಳಿದ. ಇಲ್ಲ ಅಂದೆ. ಅವನು ಕೆಲಸ ಬಿಟ್ಟು, ಹುಡಗಿ ಎಂಬ ಹಳ್ಳಿಯಲ್ಲಿರುವ ಮಗಳ ಮನೆಗೆ ಹೋದ. ಹೋಗುವಾಗ ಮಷಿನ್ನಿಗೆ ಎಣ್ಣೆ ಬಿಟ್ಟು ಒರೆಸಿ ಹೋದ.

ನೀನು ಬಿಚ್ಚಬೇಡ ಅಂದಿದ್ದೀಯಲ್ಲ, ಬಿಚ್ಚಿಲ್ಲ.

ಬಸವಣಪ್ಪ


ಹುಮನಾಬಾದ
3 ಫೆಬ್ರವರಿ 2002

ಪೂಜ್ಯ ಕಾಕಾ,

ನಿನ್ನೆ ಶಾಲೆಯಿಂದ ಬರುವಾಗ ಬಸ್‌ಸ್ಟ್ಯಾಂಡಿನಲ್ಲಿ ಶೇಂಗಾ ಕೊಂಡೆ. ತಿಂದು ಪೊಟ್ಟಣ ಬಿಚ್ಚಿದರೆ ಪುಟ ನಲವತ್ತೊಂದು. 'ಬರ್ಮಾದಿಂದ ಮರಳಿದ ಕುರಾಸೆ ಮನೆ ಇದ್ದ ಜಾಗವನ್ನು ಬಾವಿಯ ಗುರುತಿನಿಂದ ಹಿಡಿದರು.' ನನ್ನ ವಾಕ್ಯ, ನಿಮ್ಮ ಮೊಳೆ. ಮಾರುವವಳ ಹತ್ತಿರ ಇನ್ನೂ ಒಂದು ಕಟ್ಟು ಇತ್ತು. "ರದ್ದಿಯವ ಕೊಟ್ಟಾನ್ರಿ ಅಕ್ಕಾ, ಕಾಗದ ಭಾಳ ಗಟ್ಟಿ ಅವ" ಅಂದಳು. ಅಲ್ಲೇ ಅತ್ತುಬಿಟ್ಟೆ. ಜನ ನೋಡಿದರು, ನೋಡಲಿ.

ಮಾರಿದಿರಾ ಕಾಕಾ? ಬೈಯಲು ಬರೆಯುತ್ತಿಲ್ಲ. ಬೈಯುವ ಬಾಯಿ ನನಗಿಲ್ಲ. ಕುರಾಸೆಯವರು ತೀರಿಕೊಂಡದ್ದು 1996ರ ನವೆಂಬರಿನಲ್ಲಿ. ಅವರ ತಮ್ಮನ ಮಗಳು ಒಂದು ಕಾರ್ಡು ಹಾಕಿದ್ದಳು. ಅಂದಿನಿಂದ ಪ್ರತಿ ವರ್ಷ ಮುಂದಿನ ಚಳಿಗಾಲ, ಮುಂದಿನ ಚಳಿಗಾಲ ಎಂದು ನಿಮಗೆ ಬರೆದದ್ದೆಲ್ಲ ಸುಳ್ಳು. ಆ ಎಂಟು ಪುಟ ನೀವು ಬಿಚ್ಚುವುದನ್ನು ನೋಡಲಾರದೆ ಹಾಗೆ ಮಾಡಿದೆ. ಕಾಯಿಲೆಯಿಂದ ಕಾದಂಬರಿ ಅರ್ಧಕ್ಕೇ ನಿಂತಿತು. ಬೇರೆ ಕಾರಣವೇನಿಲ್ಲ. ಯಾರ ತಪ್ಪೂ ಇಲ್ಲ.

ಜಯಮಾಲಾ


ಬಸವಕಲ್ಯಾಣ
24 ಫೆಬ್ರವರಿ 2002

ಚಿ. ಜಯಮಾಲಾಳಿಗೆ ಆಶೀರ್ವಾದಗಳು.

ಮಾರಿದೆ. ಮಳೆಗೆ ಅಟ್ಟ ಸೋರಿ ಅರ್ಧ ಹಾಳೆಗೆ ಗೆದ್ದಲು ಹಿಡಿದಿತ್ತು. ಉಳಿದದ್ದನ್ನು ರದ್ದಿಯವನಿಗೆ ಕೊಟ್ಟೆ. ಮೊಳೆಗಳನ್ನು ಹೈದರಾಬಾದಿನವನೊಬ್ಬ ಸೀಸದ ತೂಕಕ್ಕೆ ಒಯ್ದ. ಎಂಟು ಪುಟವನ್ನು ನಾನೇ ಬಿಚ್ಚಿದೆ. ದಾರ ಕೊಯ್ದರೂ ಅಕ್ಷರ ಬಿಡಲಿಲ್ಲ, ಮಸಿ ಒಣಗಿ ಒಂದಕ್ಕೊಂದು ಕಚ್ಚಿಕೊಂಡಿದ್ದವು. ಸುತ್ತಿಗೆಯಿಂದ ಬಡಿಯಬೇಕಾಯಿತು.

ಈಗ ನೀನೂ ಕೂತುಕೋ.

1994ರ ಸೆಪ್ಟೆಂಬರಿನಲ್ಲಿ ಜಪಾನಿನಿಂದ ನನ್ನ ಹೆಸರಿಗೇ ಒಂದು ಕಾರ್ಡು ಬಂದಿತ್ತು. ಪೆನ್ಸಿಲಿನ ಅಕ್ಷರ. ನಿನ್ನ ಮೇಲೆ ಸಿಟ್ಟಿತ್ತು, ಅದಕ್ಕೆ ನಿನಗೆ ಕಳಿಸದೆ ಇಲ್ಲಿಯ ಕಾಲೇಜಿನ ಇತಿಹಾಸದ ಮಾಸ್ತರರಿಂದ ಓದಿಸಿದೆ. ಕುರಾಸೆಯವರು ಹೀಗೆ ಬರೆದಿದ್ದರು: 'ಬಹಳ ರುಚಿಯಾಗಿದೆ. ದಿನವೂ ಅನ್ನದ ಮೇಲೆ ಹಾಕಿಕೊಳ್ಳುತ್ತಿದ್ದೇನೆ. ಆ ರಾತ್ರಿ ಊರು ಬಿಟ್ಟವರಿಗೆ ಇದು ಸಿಕ್ಕಿರಲಿಲ್ಲವಲ್ಲ ಎಂಬುದೊಂದೇ ದುಃಖ.' ನನಗೆ ಅರ್ಥವಾಗಲಿಲ್ಲ. ಯಾಕ ಸಿಕ್ಕಿರಲಿಲ್ಲ ಅಂತಾರ್ರಿ ಎಂದು ಕೇಳಿದೆ. ಮಾಸ್ತರರು ನಕ್ಕರು. "ಬಸವಣಪ್ಪನವರೇ, ಶರಣರ ಕಾಲಕ್ಕ ಶೇಂಗಾ ಎಲ್ಲಿತ್ತು? ಅದು ಪರದೇಶದಿಂದ ಬಂದದ್ದು" ಅಂದರು. ನಿಂತಲ್ಲೇ ಎಲ್ಲ ತಿಳಿಯಿತು. ಅವರು ಯಾಕೆ ಬರುವುದಿಲ್ಲ, ನಿನ್ನ ಕಾಗದ ಯಾಕೆ ಸಣ್ಣದಾಯಿತು, ನೀನು ಯಾಕೆ ಹಾಗೆ ಬೈದೆ, ಭಾನುವಾರ ಯಾಕೆ ಬರುವುದಿಲ್ಲ.

ತಪ್ಪು ಹುಡುಕಿದವರಿಲ್ಲ ಎನ್ನಿಸಿಕೊಂಡ ಮನುಷ್ಯನಿಗೆ ನಾನು ತಪ್ಪು ಉಣಿಸಿದೆ. ಮೇಲೆ ಡಬ್ಬಿ ತುಂಬಿ ಕಳಿಸಿದೆ. ಅದನ್ನು ತಿಂದು ರುಚಿಯಾಗಿದೆ ಎಂದು ಬರೆದನಲ್ಲ ಆ ಪುಣ್ಯಾತ್ಮ!

ನನಗೆ ಗೊತ್ತಿದೆ ಎಂದು ಹೇಳಿದರೆ ನೀನು ನೊಂದುಕೊಳ್ಳುತ್ತೀ ಎಂದು ಹೇಳಲಿಲ್ಲ. ಅವರು ಬರುತ್ತಾರೆ ಎಂದು ನೀನು ಬರೆಯುತ್ತಿದ್ದೆ, ಬರಲಿ ಎಂದು ನಾನು ಬರೆಯುತ್ತಿದ್ದೆ. ನೀನು ಅದರ ಮೇಲೇ ಜೀವ ಹಿಡಿದಿದ್ದೀ ಎಂದು ತಿಳಿದು ಎಂಟು ಪುಟ ಕಟ್ಟಿಯೇ ಇಟ್ಟೆ. ನೀನು ನನಗೋಸ್ಕರ ಇಡಿಸಿದ್ದೆಯಂತೆ. ಲಾಲ್ ಅಹ್ಮದ್ ಬಿಚ್ಚಿರೆಂದು ಕೈಮುಗಿದಿದ್ದ.

ಧೂಳಮ್ಮ ತೀರಿಕೊಂಡು ಎರಡು ವರ್ಷವಾಯಿತು. ಅಗಸಿ ನಮ್ಮಲ್ಲಿ ಮೊದಲಿನಿಂದಲೂ ಇತ್ತೆಂದು ಮಾಸ್ತರರೇ ಹೇಳಿದರು. ಅವಳ ಹತ್ತಿರ ಹೋಗಿ 'ನಿನ್ನ ಮಾತು ಸರಿಯಿತ್ತು' ಎಂದು ಒಮ್ಮೆ ಹೇಳಬೇಕೆಂದುಕೊಂಡಿದ್ದೆ. ಅದೂ ಆಗಲಿಲ್ಲ.

ಮೊಳೆ ಒಯ್ಯುವವನನ್ನು ಹೊರಗೆ ನಿಲ್ಲಿಸಿ ಒಂದು ಚೀಟಿ ಜೋಡಿಸಿದೆ. ಪುಸ್ತಕದಲ್ಲಿ ತಪ್ಪಾದರೆ ಹೀಗೊಂದು ಚೀಟಿ ಛಾಪಿಸಿ ಮೊದಲ ಪುಟಕ್ಕೆ ಅಂಟಿಸುವುದು ನಮ್ಮ ಕಸುಬಿನ ರೂಢಿ. ಕಣ್ಣು ಮಂಜಾಗಿವೆ, ಸಾಲು ಸ್ವಲ್ಪ ಸೊಟ್ಟ ಬಂದಿದೆ. ಮಷಿನ್ ತುಳಿದು ಒಂದೇ ಒಂದು ತೆಗೆದೆ. ಆ ಮಷಿನ್ನಿನ ಕೊನೆಯ ಕೆಲಸ ಅದೇ.

ತಪ್ಪು: ಶೇಂಗಾ ಹಿಂಡಿ
ಒಪ್ಪು: ಅಗಸಿ ಹಿಂಡಿ

ನಮ್ಮ ಪುಸ್ತಕ ಉಳಿದಿಲ್ಲ, ಅವರದು ಆಗಲೇ ಇಲ್ಲ. ಎಲ್ಲಿ ಅಂಟಿಸಬೇಕೋ ನನಗೆ ತಿಳಿಯಲಿಲ್ಲ. ಈ ಕಾಗದದ ಜೊತೆ ಇಟ್ಟಿದ್ದೇನೆ.

ನಿನ್ನ ಕಾಕಾ
ಬಸವಣಪ್ಪ